ಆಚಾರ್ರು ಕಂಡ ಬಾಯ್ಕಳಕ

ಶ್ರೀರಂಗಪಟ್ಟಣದಲ್ಲಿ ರಂಗನತಿಟ್ಟಿಗೆ ದಾರಿ ತೋರಿಸದವರಿಲ್ಲ. ಹೋಗಿ ನೋಡಿದವರು ಮಾತ್ರ ಕಡಿಮೆ. ಬಡಗಿ ಸೋಮಯ್ಯ, ಊರವರ ಬಾಯಲ್ಲಿ ಆಚಾರ್ರು, ರಸ್ತೆ ಪಕ್ಕದ ಅಂಗಡಿಯಲ್ಲಿ ಹತ್ತು ವರ್ಷದಿಂದ ಪ್ರವಾಸಿಗರಿಗೆ ಮರದ ಹಕ್ಕಿ ಕೆತ್ತಿ ಮಾರುತ್ತಿದ್ದರೂ ಪಕ್ಷಿಧಾಮದ ಗೇಟು ದಾಟಿರಲಿಲ್ಲ.

"ದೇವಸ್ಥಾನದ ಬಾಗ್ಲು ಕೆತ್ತಿರೋ ಕೈ ಕಣ್ಲಾ ಇದು. ಒಂದು ಕೊಕ್ಕರೆ ಮಾಡಕ್ಕೆ ಅದರ ಮಕ ನೋಡ್ಬೇಕಾ?" ಎನ್ನುತ್ತಿದ್ದರು.

ಒಂದು ಭಾನುವಾರ ಪುಟ್ಟ ಹುಡುಗಿಯೊಬ್ಬಳು ಅವರ ಕೊಕ್ಕರೆಯನ್ನು ಎತ್ತಿ ಹಿಡಿದು, "ಅಮ್ಮಾ, ಬಾತುಕೋಳಿ!" ಎಂದಳು.

ಅಲ್ಲೇ ಆಟೋ ನಿಲ್ಲಿಸಿಕೊಂಡಿದ್ದ ತೌಸಿಫ್ ಗೊಳ್ಳೆಂದ. "ಮಗು ಸುಳ್ಳೇಳಲ್ಲ ಆಚಾರ್ರೇ. ಕತ್ತು ಬಾತುಕೋಳೀದು, ಕಾಲು ನಮ್ಮನೆ ಸ್ಟೂಲ್ದು. ಹತ್ತಿ, ಅಸ್ಲಿ ಹಕ್ಕಿ ತೋರುಸ್ತೀನಿ."

ಅದನ್ನು ಸಹಿಸಿಕೊಂಡಾರು, ಹೆಂಡತಿ ಮಂಗಳಮ್ಮನೂ ಸೆರಗು ಬಾಯಿಗೊತ್ತಿ ನಕ್ಕಿದ್ದನ್ನು ಸಹಿಸಲಾಗಲಿಲ್ಲ. ಮೈಮೇಲಿನ ಮರದಪುಡಿ ಕೊಡವಿಕೊಂಡು ಆಟೋ ಹತ್ತಿದರು.

ಪಕ್ಷಿಧಾಮದ ದೋಣಿಯಲ್ಲಿ ಕೂತವರು ಮುಂದಕ್ಕೆ ಬಗ್ಗಿ ನೋಡಿದರು. ಬಂಡೆಯ ಮೇಲೊಂದು ಕೊಕ್ಕರೆ. ಕೊಕ್ಕಿನ ಬುಡವೂ ತುದಿಯೂ ಕೂಡಿದ್ದವು. ನಡುವೆ ಮಾತ್ರ ಬೆಳಕು ತೂರುವಷ್ಟು ಸಂದು.

"ಇದ್ಯಾಕಪ್ಪ, ಜೋಡ್ಣೆ ಸರಿಯಾಗಿ ಕೂತಿಲ್ವಲ್ಲ?"

"ಬಾಯ್ಕಳಕ ಅಂತಾರೆ. ಬಸವನಹುಳ ತಿನ್ನೋದು, ಅದುಕ್ಕೇ ಅಂಗೈತೆ," ಎಂದ ದೋಣಿಯವನು.

ಹಲಗೆಗೆ ಹಲಗೆ ಸಂದಿಲ್ಲದಂತೆ ಕೂಡಿಸುವುದನ್ನೇ ಜನ್ಮದ ಹೆಮ್ಮೆ ಮಾಡಿಕೊಂಡಿದ್ದ ಆಚಾರ್ರು ಆ ಸಂದನ್ನೇ ನೋಡುತ್ತ ಕೂತರು. ದೋಣಿ ದಡಕ್ಕೆ ಬಂದರೂ ಇಳಿಯಲಿಲ್ಲ. ಇನ್ನೊಂದು ಟಿಕೇಟಿಗೆ ತೌಸಿಫನನ್ನು ಓಡಿಸಿದರು.

ಆಮೇಲೆ ಕೆತ್ತನೆಗೆ ಕೂತರು. ಎರಡು ಸಲ ಕೊಕ್ಕು ಮುರಿಯಿತು. ಮೂರನೆಯದು ಹಾರಿಯೇಬಿಡುವಂತೆ ಬಂತು. ಹಾಸನದ ಮೇಷ್ಟ್ರೊಬ್ಬರು ಅದನ್ನು ತಿರುಗಿಸಿ ನೋಡಿ, "ಡ್ಯಾಮೇಜಾಗಿದೆಯಲ್ರೀ. ಬಾಯಿ ಮುಚ್ಚಿರೋದು ಕೊಡಿ," ಎಂದರು.

"ಡ್ಯಾಮೇಜಲ್ಲ ಸಾಮಿ, ಹಕ್ಕಿನೇ ಅಂಗಿರೋದು. ಒಸಿ ಹೋಗಿ ನೋಡ್ಕಂಡ್ ಬನ್ನಿ, ಆಮೇಲ್ ಕೊಡ್ತೀನಿ."

ಮೇಷ್ಟ್ರು ಗೊಣಗುತ್ತ ಕಾರು ಹತ್ತಿದರು.

"ಬಂದ ಗಿರಾಕೀನ ಪಾಠಕ್ಕೆ ಕಳಿಸ್ಬುಟ್ರಲ್ಲ!" ಎಂದು ಮಂಗಳಮ್ಮ ರೇಗಿದರು.

ಸಂಜೆಯ ಹೊತ್ತಿಗೆ ಮೇಷ್ಟ್ರು ವಾಪಸು ಬಂದರು. ದುಡ್ಡು ಎಣಿಸಿಟ್ಟು ಆ ಹಕ್ಕಿಯನ್ನು ತಮ್ಮ ಟವೆಲ್ಲಿನಲ್ಲಿ ಮಗುವನ್ನು ಸುತ್ತಿದಂತೆ ಸುತ್ತಿ ಕೊಂಡೊಯ್ದರು.

ಮಂಗಳಮ್ಮ ಆ ದುಡ್ಡನ್ನು ಸೆರಗಿಗೆ ಗಂಟು ಹಾಕಿಕೊಳ್ಳುತ್ತ ಅಂದರು: "ನಾಳೆ ಅಂಗ್ಡಿ ಬಾಗ್ಲು ತೆಗೀಬ್ಯಾಡಿ. ನಂಗೂ ತೋರ್ಸಿ ಅದೇನೈತೋ."

ಮಾರನೆಯ ಬೆಳಿಗ್ಗೆ ದೋಣಿಯ ಮುಂದಿನ ಹಲಗೆಯ ಮೇಲೆ ಗಂಡ ಹೆಂಡತಿ ಕೂತರು. ಮೊಸಳೆ ಕಂಡೊಡನೆ ಆಚಾರ್ರ ತೋಳು ಹಿಡಿದ ಮಂಗಳಮ್ಮ ದಡ ಸೇರಿದ ಮೇಲೂ ಬಿಡಲಿಲ್ಲ. ಆಚಾರ್ರೂ ಬಿಡಿಸಿಕೊಳ್ಳಲು ಹೋಗಲಿಲ್ಲ.