ಬಿಷಪ್ಪರ ಕುರ್ಚಿ ಬೀದಿಗೆ ಬಂದದ್ದು

ಬಿಷಪ್ಪರ ಕುರ್ಚಿಯ ಹಿಂಗಾಲು ಮುರಿದದ್ದು ಭಾನುವಾರದ ಪ್ರಸಂಗದ ನಟ್ಟನಡುವೆ. "ನಂಬಿಕೆಯಲ್ಲಿ ನೆಲೆಯೂರಿ ಕೂತವನನ್ನು ಯಾರೂ ಅಲುಗಾಡಿಸಲಾರರು" ಎಂದು ಅವರು ಹೇಳುವುದಕ್ಕೂ ಕುರ್ಚಿ ಲಟಕ್ಕೆಂದು ಎಡಕ್ಕೆ ವಾಲುವುದಕ್ಕೂ ಸರಿಹೋಯಿತು. ಎಪ್ಪತ್ತೆರಡು ವರ್ಷದ ಆ ದಢೂತಿ ದೇಹ ನೆಲ ಮುಟ್ಟದಂತೆ ಹಿಡಿದುಕೊಂಡವರು ಕೆಥೆಡ್ರಲ್ಲಿನ ದೊಡ್ಡ ಪಾದ್ರಿ. ಹಿಡಿಯುವ ಭರದಲ್ಲಿ ಅವರ ಕನ್ನಡಕ ಬಿದ್ದು ಬಿಷಪ್ಪರ ಪಾದದಡಿ ಪುಡಿಯಾಯಿತು. ಜನಕ್ಕೆ ನಗಬೇಕೋ ಅಯ್ಯೋ ಎನ್ನಬೇಕೋ ತಿಳಿಯದೆ, ಎರಡರಿಂದಲೂ ತಪ್ಪಿಸಿಕೊಳ್ಳಲು ಎಲ್ಲರೂ ಎದ್ದು ನಿಂತು ಒಂದು ಹಾಡು ಶುರುಮಾಡಿದರು.

ಅಲ್ಲಿ ಇಪ್ಪತ್ತೆಂಟು ವರ್ಷದಿಂದ ಕಸ ಗುಡಿಸುತ್ತಿದ್ದ ಹೆಂಗಸಿಗೊಬ್ಬ ತಮ್ಮನಿದ್ದ. ಬಡಗಿ. ಮಾತು ಕಮ್ಮಿ, ಕೈ ಚುರುಕು. ಸಣ್ಣವನಿದ್ದಾಗ ತಾಯಿ ತೀರಿಕೊಂಡಿದ್ದರಿಂದ ಅವನನ್ನು ಸಾಕಿ ಬೆಳೆಸಿದವಳು ಅಕ್ಕನೇ. ಆ ಹಕ್ಕಿನ ಮೇಲೆ ಅವಳು ನಲವತ್ತೈದು ವರ್ಷದ ಅವನಿಗೆ ಈಗಲೂ ಬೈಯುತ್ತಿದ್ದಳು.

"ನಾಳೆ ಬೆಳಿಗ್ಗೆ ಬಾ. ಕೈಕಾಲು ತೊಳ್ಕೊಂಡು ಬಾ. ಮುಟ್ಟೋದು ಬಿಷಪ್ಪರ ಕುರ್ಚಿ, ನಿನ್ನ ಗಿರಾಕಿಗಳ ಮಂಚ ಅಲ್ಲ," ಎಂದಳು.

ಬಡಗಿ ಬಂದು ಕುರ್ಚಿಯನ್ನು ಮಗ್ಗುಲಿಗೆ ಮಲಗಿಸಿ, ಮುರಿದ ಕಾಲನ್ನು ಉಗುರಿನಿಂದ ಕೆರೆದ. ಹಿಟ್ಟಿನಂಥ ಪುಡಿ ಉದುರಿತು.

"ಹುಳ ಕೊರೆದಿದೆ ಫಾದರ್. ಹೊಸ ಕಾಲು ಕಡೆಯಬೇಕು. ಅಂಗಡಿಗೆ ತಗೊಂಡು ಹೋಗ್ತೀನಿ."

ದೊಡ್ಡ ಪಾದ್ರಿಗಳು ಹೌಹಾರಿದರು. ಹಳೆಯ ಕನ್ನಡಕವನ್ನು ದಾರದಿಂದ ಕಟ್ಟಿಕೊಂಡಿದ್ದ ಅವರ ಮುಖ ಮೊದಲೇ ಗಾಬರಿಬಿದ್ದಂತೆ ಕಾಣುತ್ತಿತ್ತು.

"ಇಲ್ಲೇ ಮಾಡೋಕಾಗಲ್ವಾ?"

"ಕಡೆಯೋ ಯಂತ್ರ ಅಂಗಡೀಲಿದೆ. ಅದನ್ನ ಇಲ್ಲಿಗೆ ತರೋದಕ್ಕಿಂತ ಇದನ್ನ ಅಲ್ಲಿಗೆ ಒಯ್ಯೋದು ಸುಲಭ."

"ಸುಲಭದ ಮಾತಲ್ಲಪ್ಪ. ಇದಕ್ಕೆ ಕೆಥೆಡ್ರಲ್ ಅಂತ ಯಾಕೆ ಹೆಸರು ಬಂತು ಹೇಳು ನೋಡೋಣ?"

"ದೊಡ್ಡದಿರೋದಕ್ಕೆ, ಅಲ್ವಾ?"

"ಎಲ್ಲರೂ ಹಾಗೇ ಅಂದ್ಕೊಂಡಿದಾರೆ. ಗೋಪುರ, ಗಂಟೆ, ಬಣ್ಣದ ಗಾಜು ಯಾವುದೂ ಲೆಕ್ಕಕ್ಕಿಲ್ಲ. ಬಿಷಪ್ಪರ ಪೀಠ ಎಲ್ಲಿದ್ಯೋ ಅದೇ ಕೆಥೆಡ್ರಲ್. ಆ ಹೆಸರು ಹುಟ್ಟಿದ ಹಳೇ ಭಾಷೇಲಿ ಅದರ ಮೂಲ ಅರ್ಥವೇ ಕುರ್ಚಿ ಅಂತ."

ಬಡಗಿ ಸ್ವಲ್ಪ ಯೋಚಿಸಿದ. "ಹಾಗಾದ್ರೆ ಕುರ್ಚಿ ಹೊರಗೆ ಹೋದ್ರೆ ಇದು ಏನಾಗುತ್ತೆ?"

ದೊಡ್ಡ ಪಾದ್ರಿ ಬಾಗಿಲಾಚೆ ಬೀದಿಯ ಮೇಲ್ಗಡೆ ನೋಡಿದರು. "ಬೇಗ ತಂದುಬಿಡು," ಎಂದರು.

ಅವರ ಭಯಕ್ಕೆ ಕಾರಣ ಅದೇ ಬೀದಿಯಲ್ಲಿತ್ತು. ಕೆಥೆಡ್ರಲ್ ಇದ್ದದ್ದು ತಗ್ಗಿನಲ್ಲಿ. ಮುಂದೆ ಮೀನಿನ ಅಂಗಡಿ, ಹಿಂದೆ ಸೈಕಲ್ ರಿಪೇರಿ, ನಡುವೆ ಮೋಟು ಗೋಪುರ. ನೂರು ಹೆಜ್ಜೆ ಮೇಲಕ್ಕೆ ಹೋದರೆ ಇನ್ನೊಂದು ಚರ್ಚು. ಅದರ ಗೋಪುರ ಎರಡು ಪಟ್ಟು ಎತ್ತರ, ಒಳಗೆ ಎಂಟುನೂರು ಜನ ಕೂರಬಹುದು, ಮುಂದೆ ನಲವತ್ತೆರಡು ಕಲ್ಲಿನ ಮೆಟ್ಟಿಲು. ಜನ ಅದನ್ನು ಮೆಟ್ಟಿಲ ಚರ್ಚು ಎನ್ನುತ್ತಿದ್ದರು. ಆ ಮೆಟ್ಟಿಲು ಕಟ್ಟಿಸಿದವನು ಊರಿನ ಬೇಕರಿಯವನ ಅಜ್ಜ. ಕೆಥೆಡ್ರಲ್ಲಿನ ಶಿಲುಬೆಗಿಂತ ನಮ್ಮ ಬಾಗಿಲ ಹೊಸ್ತಿಲು ಎತ್ತರದಲ್ಲಿರಬೇಕು ಎಂಬುದು ಅವನ ಹಟ. ಈಗ ಅಲ್ಲಿನ ಸಮಿತಿಗೆ ಬೇಕರಿಯವನೇ ಅಧ್ಯಕ್ಷ. ಅಷ್ಟೆಲ್ಲ ಇದ್ದೂ ತಮ್ಮದು ಬರೀ ಚರ್ಚು, ಮೀನಂಗಡಿ ಎದುರಿನದು ಕೆಥೆಡ್ರಲ್ ಎಂಬ ಸಂಕಟ ಮೂರು ತಲೆಮಾರಿನಿಂದ ಆ ಮನೆಯವರನ್ನು ಕೊರೆಯುತ್ತಿತ್ತು.

ಬಡಗಿಯ ಅಂಗಡಿ ಬೀದಿಯ ಮೇಲ್ತುದಿಯಲ್ಲಿತ್ತು. ಅವನು ಕುರ್ಚಿಯನ್ನು ಕೈಗಾಡಿಯ ಮೇಲೇರಿಸಿ, ಹಳೆಯ ಚಾದರ ಹೊದೆಸಿ, ಹಗ್ಗ ಬಿಗಿದು ಹೊರಟ. ಸರಿಯಾಗಿ ಮೆಟ್ಟಿಲ ಚರ್ಚಿನ ಗೇಟಿನ ಮುಂದೆ ಗಾಡಿಯ ಚಕ್ರ ಕಳಚಿ ಬಿತ್ತು. ಅದು ಚರಂಡಿಯತ್ತ ಉರುಳುತ್ತಿದ್ದಂತೆಯೇ ಮಳೆಯೂ ಹನಿಯತೊಡಗಿತು. ಹಳೆಯ ಮರ, ಅದರ ಮೇಲೆ ಚಿನ್ನದ ಬಣ್ಣ. ನೆನೆದರೆ ಕೆಲಸ ಕೆಟ್ಟಿತು.

ಬೇಕರಿಯವನು ಗೇಟಿನ ಬಳಿ ನಿಂತಿದ್ದ.

"ಸ್ವಲ್ಪ ಒಳಗಿಟ್ಕೊಳ್ಳಲಾ ಅಣ್ಣ? ಮಳೆ ನಿಲ್ಲೋವರೆಗೆ," ಎಂದು ಬಡಗಿ ಕೇಳಿದ.

"ಏನದು?"

ಬಡಗಿಗೆ ಸುಳ್ಳು ಹೇಳಿ ಅಭ್ಯಾಸವಿರಲಿಲ್ಲ. "ಬಿಷಪ್ಪರ ಕುರ್ಚಿ."

ಬೇಕರಿಯವನ ಮುಖ ಒಲೆಗಿಟ್ಟ ಬನ್ನಿನ ಹಾಗೆ ಉಬ್ಬಿತು. ಅವನು ಕೂಗಿದ ಕೂಗಿಗೆ ಹಾಡಿನ ಅಭ್ಯಾಸಕ್ಕೆಂದು ಸೇರಿದ್ದ ಗಂಡಸರೆಲ್ಲ ಇಳಿದು ಬಂದರು. ಗೇಟಿನ ಪಕ್ಕದ ಮಾಡಿನ ಕೆಳಗೆ ಇಟ್ಟರೆ ಸಾಕು ಎಂದು ಬಡಗಿ ಹೇಳುತ್ತಲೇ ಇದ್ದ. ಅವರು ಕುರ್ಚಿಯನ್ನು ಹೆಗಲ ಮೇಲೆ ಹೊತ್ತು ನಲವತ್ತೆರಡು ಮೆಟ್ಟಿಲು ಹತ್ತಿಯೇಬಿಟ್ಟರು. ಬಲಿಪೀಠದ ಪಕ್ಕದಲ್ಲಿಟ್ಟು, ಮುರಿದ ಕಾಲಿನ ಕೆಳಗೆ ಐದು ಹಾಡಿನ ಪುಸ್ತಕ ಪೇರಿಸಿ ಆಧಾರ ಕೊಟ್ಟರು. ಆಮೇಲೆ ಯಾರೋ ಗಂಟೆಯನ್ನೂ ಬಾರಿಸಿದರು.

ಕೆಳಗೆ ಕೆಥೆಡ್ರಲ್ಲಿನ ಅಂಗಳದಲ್ಲಿ ಅಕ್ಕ ಪೊರಕೆ ನಿಲ್ಲಿಸಿ ಕಿವಿಗೊಟ್ಟಳು. ಸೋಮವಾರ ಹನ್ನೊಂದು ಗಂಟೆಗೆ ಎಂಥ ಗಂಟೆ? ತಮ್ಮ ಆ ದಾರಿಯಲ್ಲೇ ಹೋಗಿದ್ದಾನೆಂಬುದು ನೆನಪಾಗಿ ಅವಳು ದೊಡ್ಡ ಪಾದ್ರಿಗಳನ್ನು ಕೂಗಿದಳು.

ದೊಡ್ಡ ಪಾದ್ರಿ ಛತ್ರಿ ಹಿಡಿದು ಓಡಿದರು. ಬೇಕರಿಯವನು ಅವರನ್ನು ಬಹಳ ಮರ್ಯಾದೆಯಿಂದ ಬರಮಾಡಿಕೊಂಡ.

"ಪೀಠ ಎಲ್ಲಿದ್ಯೋ ಅದೇ ಕೆಥೆಡ್ರಲ್ ಅಂತ ವರ್ಷಾವರ್ಷ ಪ್ರಸಂಗದಲ್ಲಿ ಹೇಳೋರು ನೀವೇ ತಾನೇ ಫಾದರ್? ಈಗ ನೋಡಿ, ಎಲ್ಲಿದೆ."

"ಅದು... ಅದರ ಅರ್ಥ ಹಾಗಲ್ಲ. ಅದಕ್ಕೊಂದು ಹಿನ್ನೆಲೆ ಇದೆ, ಮೊದಲು ಅದನ್ನ..."

"ಪೀಠಿಕೆ ಬೇಡ ಫಾದರ್. ಪೀಠವೇ ಇಲ್ಲಿದೆ."

ಸುತ್ತ ನಿಂತವರು ಗೊಳ್ಳೆಂದರು. ದೊಡ್ಡ ಪಾದ್ರಿ ಬರಿಗೈಯಲ್ಲಿ ವಾಪಸಾದರು. ಅವಸರದಲ್ಲಿ ಛತ್ರಿಯನ್ನೂ ಅಲ್ಲೇ ಬಿಟ್ಟು ಬಂದಿದ್ದರು.

ಬಡಗಿ ಮಾತ್ರ ಅಲ್ಲಿಂದ ಕದಲಲಿಲ್ಲ. ಅವನಿಗೆ ಕೆಥೆಡ್ರಲ್ ಯಾವುದಾದರೂ ಒಂದೇ. ರಿಪೇರಿಗೆಂದು ಒಪ್ಪಿಕೊಂಡ ಸಾಮಾನು ಕೈತಪ್ಪಿತಲ್ಲ ಎಂಬುದೇ ಸಂಕಟ. "ಅಣ್ಣ, ಅದರಲ್ಲಿ ಹುಳ ಇದೆ. ನಿಮ್ಮ ಬಲಿಪೀಠದ ಮರಕ್ಕೂ ಹತ್ತುತ್ತೆ," ಎಂದ.

"ಕೆಥೆಡ್ರಲ್ಲಿನ ಹುಳ ಬಿಡು, ಬರಲಿ," ಎಂದ ಬೇಕರಿಯವನು. ಆದರೂ ಆ ರಾತ್ರಿಯೇ ಕುರ್ಚಿಯನ್ನು ಬಲಿಪೀಠದಿಂದ ನಾಲ್ಕು ಮಾರು ದೂರ ಸರಿಸಿದ್ದನಂತೆ.

ಎರಡು ದಿನ ಊರಿನಲ್ಲಿ ಬೇರೆ ಮಾತೇ ಇರಲಿಲ್ಲ. ಮೀನಿನ ಅಂಗಡಿಯಲ್ಲಿ ಎರಡು ಪಕ್ಷವಾಗಿ, ಮೆಟ್ಟಿಲ ಚರ್ಚಿನವರು ಮೀನು ಕೊಳ್ಳುವುದನ್ನು ನಿಲ್ಲಿಸಿದರು. ಕೆಥೆಡ್ರಲ್ಲಿನವರು ಬ್ರೆಡ್ಡು ಬಿಟ್ಟರು. ಅಕ್ಕ ತಮ್ಮನಿಗೆ ಊಟ ಬಡಿಸುವಾಗಲೆಲ್ಲ, "ಒಂದು ಚಕ್ರ ನೆಟ್ಟಗೆ ಹಾಕ್ಕೊಳ್ಳೋಕೆ ಬರಲ್ಲ, ಬಡಗಿಯಂತೆ ಬಡಗಿ!" ಎನ್ನುತ್ತಿದ್ದಳು. ಅವನಿಗೆ ಅದು ನಿಜವೆನ್ನಿಸಿದ್ದರಿಂದ ತಲೆಯಾಡಿಸುತ್ತ ತಿನ್ನುತ್ತಿದ್ದ.

ಬುಧವಾರ ಮಧ್ಯಾಹ್ನ ಬಿಷಪ್ಪರೇ ಹೊರಟರು. ಕಾರು ಬೇಡ, ನಡೆದೇ ಹೋಗುತ್ತೇನೆ ಎಂದರು. ಅಕ್ಕ ನೀರಿನ ಬಾಟಲಿ ಹಿಡಿದು ಹಿಂದೆ ನಡೆದಳು, ಬಡಗಿ ಅವಳ ಹಿಂದೆ. ಮೇಲೆ ಚರ್ಚಿನ ಬಾಗಿಲಲ್ಲಿ ಬೇಕರಿಯವನು ಇಸ್ತ್ರಿ ಮಾಡಿದ ಕೋಟು ತೊಟ್ಟು, ಹಿಂದೆ ನೂರು ಜನರನ್ನು ನಿಲ್ಲಿಸಿಕೊಂಡು ಕಾಯುತ್ತಿದ್ದ. ಬಿಷಪ್ಪರು ಹತ್ತಿ ಬಂದು ಆ ಕುರ್ಚಿಯಲ್ಲಿ ಒಮ್ಮೆ ಕೂತರೆ ಸಾಕು, ಇನ್ನು ಯಾವ ಪಾದ್ರಿಯೂ ಬಾಯಿ ತೆರೆಯುವಂತಿಲ್ಲ ಎಂದು ಅವನ ಲೆಕ್ಕಾಚಾರ.

ಬಿಷಪ್ಪರು ಹತ್ತಿದರು. ಐದು ಮೆಟ್ಟಿಲು, ನಿಂತರು. ಇನ್ನು ನಾಲ್ಕು, ಮತ್ತೆ ನಿಂತರು. ಹನ್ನೊಂದನೆಯದರಲ್ಲಿ ಬಡಗಿಯ ಹೆಗಲು ಹಿಡಿದರು. ಹದಿನೇಳರಲ್ಲಿ, "ಆಯ್ತು. ಇನ್ನು ನನ್ನ ಕೈಲಾಗಲ್ಲ," ಎಂದು ನಿಲುವಂಗಿ ಒಟ್ಟುಮಾಡಿಕೊಂಡು ಕಲ್ಲಿನ ಮೇಲೆ ಕೂತೇಬಿಟ್ಟರು.

ಮೇಲಿದ್ದವರಿಗೆ ದಿಕ್ಕು ತೋಚಲಿಲ್ಲ. ಬಿಷಪ್ಪರು ಕೆಳಗೆ ಕೂತಿರುವಾಗ ತಾವು ಮೇಲೆ ನಿಲ್ಲುವುದು ಚೆನ್ನಾಗಿರಲಿಲ್ಲ. ಒಬ್ಬೊಬ್ಬರೇ ಇಳಿದು ಬಂದರು. ಕೊನೆಗೆ ಬೇಕರಿಯವನೂ ಇಳಿದ. ಆದರೆ ಅವನ ತಲೆ ಓಡುತ್ತಲೇ ಇತ್ತು.

"ಏ, ಗುರುಗಳು ಕಲ್ಲಿನ ಮೇಲೆ ಕೂತಿದಾರೆ! ಕುರ್ಚಿ ತನ್ರೋ!"

ನಾಲ್ವರು ಓಡಿಹೋಗಿ ಕುರ್ಚಿ ಹೊತ್ತು ತಂದು ಮೆಟ್ಟಿಲ ಮೇಲಿಟ್ಟರು. ದಣಿದಿದ್ದ ಬಿಷಪ್ಪರು ಅಭ್ಯಾಸಬಲದಿಂದ ಅದರತ್ತ ಅರ್ಧ ಎದ್ದರು.

"ಕೂರಬೇಡಿ!"

ಎಲ್ಲರೂ ತಿರುಗಿದರು. ಕೂಗಿದವನು ಬಡಗಿ. ಹುಟ್ಟಿದ ಮೇಲೆ ಅವನು ಅಷ್ಟು ಜೋರಾಗಿ ಮಾತಾಡಿದ್ದನ್ನು ಅವನ ಅಕ್ಕನೇ ಕೇಳಿರಲಿಲ್ಲ.

"ಮೂರೇ ಕಾಲಿದೆ ಗುರುಗಳೇ. ಇಲ್ಲಿಂದ ಉರುಳಿದ್ರೆ ಮೀನಿನ ಅಂಗಡೀಲೇ ನಿಲ್ಲೋದು."

ಬಿಷಪ್ಪರು ಕಲ್ಲಿನ ಮೇಲೆಯೇ ಮರಳಿ ಕೂತು, ಹೊಟ್ಟೆ ಕುಲುಕುವಂತೆ ನಕ್ಕರು. ನಗು ಮುಗಿದ ಮೇಲೆ ಬೇಕರಿಯವನನ್ನು ಹತ್ತಿರ ಕರೆದರು.

"ಈ ಕುರ್ಚಿ ಯಾಕೆ ಬೇಕು ನಿನಗೆ?"

ಬೇಕರಿಯವನು ಮೂರು ದಿನದಿಂದ ಸಿದ್ಧಪಡಿಸಿಕೊಂಡಿದ್ದ ಮಾತು ಬೇರೆ, ಬಾಯಿಂದ ಬಂದದ್ದು ಬೇರೆ. "ನೀವು ಬಿಷಪ್ಪರಾದ ಈ ಹನ್ನೊಂದು ವರ್ಷದಲ್ಲಿ ನಮ್ಮ ಚರ್ಚಿಗೆ ಒಂದು ಸಲ ಬಂದಿದೀರಿ, ಗುರುಗಳೇ. ಅದೂ ಮೊದಲನೇ ವರ್ಷ. ನಮ್ಮಪ್ಪ ತೀರಿಕೊಂಡಾಗ ಊರೇ ಬಂತು. ನೀವು ಬರಲಿಲ್ಲ. ಕುರ್ಚಿ ಇಲ್ಲಿದ್ರೆ... ನೀವೂ ಇಲ್ಲಿರಬೇಕಾಗುತ್ತಲ್ಲ."

ಬಿಷಪ್ಪರು ಎರಡು ಕೈಯಿಂದ ಮಂಡಿ ಒತ್ತಿಕೊಂಡರು.

"ಅವತ್ತು ಬಂದಿದ್ದೆ ಕಣಪ್ಪ. ಕೆಳಗೆ ಗೇಟಿನ ಹತ್ರ ಕಾರಿನಲ್ಲೇ ಕೂತಿದ್ದೆ. ಹತ್ತೋಕಾಗಲಿಲ್ಲ. ನಾಲ್ಕು ಜನ ಹೊತ್ಕೊಂಡು ಹೋಗೋದಕ್ಕೆ ನಾಚಿಕೆ ಆಯ್ತು. ಅಲ್ಲೇ ಪ್ರಾರ್ಥನೆ ಮಾಡಿ ವಾಪಸ್ ಹೋದೆ."

"ಒಂದು ಮಾತು ಹೇಳಿದ್ರೆ..."

"ಹೇಳಬೇಕಿತ್ತು. ತಪ್ಪು ನಂದೇ." ಅವರು ಕುರ್ಚಿಯ ಕಡೆ ಕೈ ತೋರಿಸಿದರು. "ಇದನ್ನ ಸಿಂಹಾಸನ ಅಂತ ಎಲ್ಲರೂ ತಿಳ್ಕೊಂಡಿದಾರೆ. ಹಿಂದಿನ ಕಾಲದಲ್ಲಿ ಮೇಷ್ಟ್ರು ಕೂತು ಪಾಠ ಹೇಳೋರು, ಕೇಳೋರು ನಿಂತಿರೋರು. ಅದು ಮೇಷ್ಟ್ರ ಕುರ್ಚಿ. ಅದನ್ನ ಒಂದು ಕಡೆ ಯಾಕೆ ಇಟ್ಟಿರ್ತಾರೆ ಅಂದ್ರೆ, ಈ ಪ್ರಾಂತದ ಅಷ್ಟೂ ಚರ್ಚಿನ ಜನಕ್ಕೆ ನಾನು ಎಲ್ಲಿ ಸಿಗ್ತೀನಿ ಅಂತ ಗೊತ್ತಿರಲಿ ಅಂತ. ದೂರು ಹೇಳೋಕೆ, ಜಗಳ ಆಡೋಕೆ, ಅಳೋಕೆ. ಕೆಥೆಡ್ರಲ್ ಅಂದ್ರೆ ಅಷ್ಟೇ, ಎಲ್ಲರ ಚರ್ಚು. ಅದು ತಗ್ಗಿನಲ್ಲಿದ್ರೆ ಒಳ್ಳೇದೇ. ಮುದುಕರೂ ಬರಬಹುದು."

ಅಷ್ಟರಲ್ಲಿ ಅಕ್ಕ ನೀರಿನ ಬಾಟಲಿಯನ್ನು ಬಿಷಪ್ಪರ ಕೈಗೆ ತುರುಕಿದಳು. "ನೀವು ಮಂಡಿ ನೋವು ಅಂತ ಬಾಯಿ ಬಿಡಲಿಲ್ಲ, ಇವರು ಮನಸ್ಸು ನೋವು ಅಂತ ಬಾಯಿ ಬಿಡಲಿಲ್ಲ. ನಡುವೆ ನನ್ನ ತಮ್ಮನ ಕೆಲಸ ಮೂರು ದಿನ ನಿಂತ್ಹೋಯ್ತು. ನೀರು ಕುಡೀರಿ."

ಬಿಷಪ್ಪರು ಕುಡಿದರು. ಬೇಕರಿಯವನು ಕೋಟು ಬಿಚ್ಚಿ ಪಕ್ಕದವನ ಕೈಗೆ ಕೊಟ್ಟು, ಕುರ್ಚಿಯ ಒಂದು ತೋಳನ್ನು ತಾನೇ ಹಿಡಿದ. "ಎತ್ರಪ್ಪ. ಬಡಗಿ ಅಂಗಡಿಗೆ," ಎಂದ.

ಅಂಗಡಿಯಲ್ಲಿ ಕುರ್ಚಿಯ ಮೆತ್ತೆ ಬಿಚ್ಚಿದಾಗ ಬಡಗಿಗೆ ಇನ್ನೊಂದು ಸಂಗತಿ ತಿಳಿಯಿತು. ಬೆನ್ನು ಒಂದು ಜಾತಿಯ ಮರ, ಆಸನ ಇನ್ನೊಂದು, ಮುಂಗಾಲುಗಳು ಮತ್ತೊಂದು. ತಲೆಮಾರಿಗೊಬ್ಬ ಬಡಗಿ ಒಂದೊಂದು ಭಾಗ ಬದಲಿಸಿದ್ದ. ಮೊದಲ ಕುರ್ಚಿಯದೆಂದು ಹೇಳಬಹುದಾದದ್ದು ಬಲಗಡೆಯ ತೋಳೊಂದೇ. ಊರೆಲ್ಲ ಬಡಿದಾಡಿದ್ದು ಈ ತುಂಡಿಗಾಗಿಯೇ ಎಂದು ಅವನಿಗೆ ಒಳಗೊಳಗೇ ನಗು ಬಂತು. ಆದರೆ ಬದಲಿಸಿದ ಒಂದೊಂದು ಭಾಗದ ಕೂಡಿಕೆಯೂ ಕೂದಲು ಹೋಗದಷ್ಟು ಬಿಗಿಯಾಗಿತ್ತು. ತನ್ನದು ಅವಕ್ಕಿಂತ ಸಡಿಲವಾಗಬಾರದೆಂದು ಅವನು ಹೊಸ ಕಾಲನ್ನು ಎರಡು ಸಲ ಕಡೆದ. ಶನಿವಾರ ಕುರ್ಚಿ ಅದರ ಜಾಗಕ್ಕೆ ಮರಳಿತು. ದೊಡ್ಡ ಪಾದ್ರಿ ಮೊದಲು ತಾವು ಕೂತು ಪರೀಕ್ಷಿಸಬೇಕೆಂದುಕೊಂಡು, ಹಾಗೆ ಕೂರಬಹುದೋ ಕೂಡದೋ ತಿಳಿಯದೆ, ಎರಡು ಕೈಯಿಂದ ಒತ್ತಿ ನೋಡಿ ತೃಪ್ತರಾದರು.

ಮುಂದಿನ ವಾರ ಬೇಕರಿಯವನು ಬಡಗಿಯ ಅಂಗಡಿಗೆ ಬಂದ. ನಲವತ್ತೆರಡು ಮೆಟ್ಟಿಲಿಗೂ ಹಿಡಿಕೆಯ ಕಟಕಟೆ ಬೇಕಂತೆ. ನಡುವೆ ಎರಡು ಕಡೆ ಕೂರಲು ಬೆಂಚು. ಹಿಡಿಕೆಗೆ ಹಿತ್ತಾಳೆಯ ದುಂಡನೆಯ ಗುಬುಟು ಇದ್ದರೆ ಕೆಳಗಿನವರಿಗೂ ಹೊಳೆಯುವುದು ಕಾಣುತ್ತದೆ ಎಂದ. ಬಿಸಿಲಿಗೆ ಕೈ ಸುಡುತ್ತದೆ, ಮರವೇ ಇರಲಿ ಎಂದು ಬಡಗಿ ಹೇಳಿದ. ಒಂದು ಗಂಟೆ ವಾದವಾಗಿ ಮರವೇ ಗೆದ್ದಿತು.

ಕೆಲಸ ಮುಗಿದ ಮೊದಲ ಭಾನುವಾರ ಸಂಜೆಯ ಪೂಜೆಗೆ ಬಿಷಪ್ಪರು ಬಂದರು. ಬೇಕರಿಯವನು ಗೇಟಿನಿಂದಲೇ ಜೊತೆಯಾಗಿ, ಪಕ್ಕದಲ್ಲಿ ಒಂದೊಂದೇ ಮೆಟ್ಟಿಲು ಹತ್ತಿದ. ಮೊದಲ ಬೆಂಚು ಬಂದಾಗ ಬಿಷಪ್ಪರು, "ನಾನು ಮುಂದೆ ಹೋಗಬಲ್ಲೆ," ಎಂದರು. "ನನ್ನ ಕೈಲಾಗಲ್ಲ ಗುರುಗಳೇ," ಎಂದ ಬೇಕರಿಯವನು, ಏದುಸಿರು ಬಿಡುತ್ತ ಎದೆಯ ಮೇಲೆ ಕೈಯಿಟ್ಟುಕೊಂಡು. ನಾಲ್ಕು ವರ್ಷದಿಂದ ಅವನು ಹಿಂಬಾಗಿಲ ಇಳಿಜಾರಿನಿಂದ ಒಳಗೆ ಹೋಗುತ್ತಿದ್ದನಂತೆ. ಅಜ್ಜನ ಮೆಟ್ಟಿಲಿನ ಮಾನ ಹೋಗುತ್ತದೆಂದು ಯಾರಿಗೂ ಹೇಳಿರಲಿಲ್ಲ.

"ಹಿಂದುಗಡೆ ಇಳಿಜಾರು ಇದ್ಯಾ?" ಎಂದರು ಬಿಷಪ್ಪರು.

"ಇದೆ."

"ಹನ್ನೊಂದು ವರ್ಷದಿಂದಲೂ ಇದ್ಯಾ?"

ಬೇಕರಿಯವನು ತಲೆ ತಗ್ಗಿಸಿದ. ಬಿಷಪ್ಪರು ಬೆಂಚಿನ ಮೇಲೆ ಕೂತರು. ಆಮೇಲೆ ಸ್ವಲ್ಪ ಸರಿದು ಅವನಿಗೆ ಜಾಗ ಮಾಡಿಕೊಟ್ಟರು. ಅಂದು ಪೂಜೆ ಇಪ್ಪತ್ತು ನಿಮಿಷ ತಡವಾಗಿ ಶುರುವಾಯಿತು.