ಸೆವಸ್ತಿಯ ಫಲಕ

ಯಾರೋ ಬಾಗಿಲನ್ನು ಮೂರು ಸಲ ಬಡಿದರು. ನಡುರಾತ್ರಿ. ಅಮ್ಮನ ಶವಪೆಟ್ಟಿಗೆಯ ಬಳಿ ಕುಳಿತಿದ್ದ ಫೊತಿನಿ ಎದ್ದು ಚಿಲಕ ತೆಗೆದಳು. ಹೊಸ್ತಿಲಲ್ಲಿ ನಿಂತಿದ್ದವಳ ಕೈಯಲ್ಲಿ ಬೀದಿಯ ಕಂಬದಿಂದ ಕಿತ್ತು ತಂದ ಸಾವಿನ ಚೀಟಿಯಿತ್ತು.

“ಇದರಲ್ಲಿ ನಾನು ಸತ್ತಿದೀನಿ ಕಣೇ!”

ಬಂದವಳು ಅಮ್ಮನ ಚಿಕ್ಕಪ್ಪನ ಮಗಳು. ಇಬ್ಬರಿಗೂ ಇಟ್ಟದ್ದು ಒಬ್ಬಳೇ ಅಜ್ಜಿಯ ಹೆಸರು. ಇಬ್ಬರೂ ಸೆವಸ್ತಿ ಕರೆಲ. ಪ್ಲೊಮಾರಿ ಊರಿನವರಿಗೆ ಅಮ್ಮ ಉದ್ದ ಸೆವಸ್ತಿ, ಈ ಚಿಕ್ಕಮ್ಮ ಗಿಡ್ಡ ಸೆವಸ್ತಿ. ಪ್ರತಿ ಭಾನುವಾರ ಇಬ್ಬರದೂ ಒಟ್ಟಿಗೆ ಕಾಫಿ.

“ನಾದಿನಿ ನನ್ನ ಮನೆಗೇ ಹೂವು ತಂದು, ಬಾಗಿಲಲ್ಲಿ ನನ್ನನ್ನೇ ನೋಡಿ ಕಿರುಚಿಕೊಂಡ್ಲು! ತಂದೆ ಹೆಸರು ಹಾಕ್ಬಾರ್ದಾ? ನಿಮ್ಮಮ್ಮ ಸ್ತ್ರಾತಿಸ್ ಮಗಳು, ನಾನು ಲಾಂಬ್ರೋಸ್ ಮಗಳು. ಬರಿ, ಬರಿ!”

ಫೊತಿನಿ ಚೀಟಿಯಲ್ಲಿ ಅಮ್ಮನ ತಂದೆಯ ಹೆಸರು ಬರೆದಳು. ಚಿಕ್ಕಮ್ಮ ನಾಲ್ಕು ಪೊಟ್ಟಣಗಳನ್ನು ಮೇಜಿನ ಮೇಲಿಟ್ಟಳು. “ನಾಳೆ ಮಣ್ಣಾದ ಮೇಲೆ ಕಾಫಿ ಜೊತೆ ರಸ್ಕ್ ಕೊಡ್ಬೇಕಲ್ಲ. ಈ ಮನೇಲಿ ಒಲೆ ಹಚ್ಚೋರು ಯಾರು ಈಗ?”

ಪೊಟ್ಟಣದ ಮೇಲೆ ಕೆಂಪಕ್ಷರ: ‘ಅಜ್ಜಿ ಸೆವಸ್ತಿ’. ಅಥೆನ್ಸಿನ ಕಂಪನಿಯ ಮಾಲು. ಅಮ್ಮ ಬದುಕಿರುವವರೆಗೆ ಈ ಹೊಸ್ತಿಲು ದಾಟದ ಪೊಟ್ಟಣ.

“ಇದನ್ನಾ, ಚಿಕ್ಕಮ್ಮ? ಇವತ್ತಾ?”

“ರಸ್ಕ್ ಅಂದ್ರೆ ರಸ್ಕು,” ಎಂದಳು ಆಕೆ, ಫೊತಿನಿಯ ಮುಖ ನೋಡದೆ.

*

ಹನ್ನೆರಡು ವರ್ಷಗಳ ಹಿಂದೆ ಆ ಕಂಪನಿಯ ನೋಟೀಸು ಬಂದಿತ್ತು: ‘ಸೆವಸ್ತಿ’ ನಮ್ಮ ನೋಂದಾಯಿತ ಹೆಸರು, ನಿಮ್ಮ ರಸ್ಕ್ ಅಂಗಡಿಯ ಫಲಕ ಇಳಿಸಿ.

ಅಮ್ಮ ಹೊಟ್ಟೆ ಹಿಡಿದು ನಕ್ಕಿದ್ದಳು. “ನನ್ನ ಹೆಸರು ನಾನೇ ಬಿಡ್ಬೇಕಂತೆ! ನಾಮಕರಣ ಮಾಡಿದ ಪಾದ್ರಿಗೂ ನೋಟೀಸು ಕಳಿಸ್ತಾರಾ?”

ವಕೀಲ ಪರಸ್ಕೆವಾಸ್‌ರನ್ನು ಹಿಡಿದು ಒಂದು ವರ್ಷ ಹೋರಾಡಿದಳು. ಕೊನೆಗೆ ಎದುರು ಕಕ್ಷಿ ಒಂದು ಒಪ್ಪಿಗೆಪತ್ರವನ್ನು ಮುಂದಿಟ್ಟಿತು. ಸೆವಸ್ತಿ ಕರೆಲ ಎಂಬಾಕೆ ಅಂಗಡಿಯ ಹೆಸರನ್ನು ಬಿಟ್ಟುಕೊಟ್ಟಿದ್ದಳು. ಅಮ್ಮ ಅದನ್ನು ಓದಿದಳು. ಮನೆಗೆ ಬಂದು ಏಣಿ ಹಾಕಿ, ಫಲಕವನ್ನು ತಾನೇ ಇಳಿಸಿದಳು.

“ಎಷ್ಟಕ್ಕೆ ಮಾರಿದೆ?” ಎಂದು ಫೊತಿನಿ ಕೇಳಿದಳು.

ಅಮ್ಮ ಹಿಟ್ಟು ನಾದುತ್ತಲೇ ಇದ್ದಳು. ಅಂದಿನಿಂದ ಫೊತಿನಿ ಅವಳ ಯಾವ ಮಾತನ್ನೂ ಪೂರ್ತಿ ನಂಬಲಿಲ್ಲ.

*

ಮಣ್ಣಾಯಿತು. ಹೆಸರಿಲ್ಲದ ಅಂಗಡಿಯೊಳಗೆ ಕಾಫಿ, ಬ್ರಾಂದಿ. ವಕೀಲರು ರಸ್ಕನ್ನು ಕಚ್ಚದೆ ಬೆರಳಲ್ಲಿ ತಿರುಗಿಸುತ್ತಿದ್ದರು.

“ಈಗಲಾದ್ರೂ ಹೇಳಿ ವಕೀಲರೇ. ಅಮ್ಮ ಯಾಕೆ ಸಹಿ ಹಾಕಿದ್ಲು?”

ಮುದುಕರು ತಬ್ಬಿಬ್ಬಾದರು. “ಹಾಕಿದ್ಲಾ? ಅದು ಅವಳ ಸಹಿನೇ ಅಲ್ವಲ್ಲಮ್ಮ!”

“ಹೆಸರು ಅವಳದೇ ಇತ್ತಲ್ಲ?”

“ಹೆಸರೇನೋ ಇತ್ತು. ಆ ಪತ್ರ ನಿಲ್ಲಲ್ಲ, ಗೆಲ್ತೀವಿ ಅಂದೆ. ‘ಗೆದ್ರೆ ಭಾನುವಾರ ನಾನು ಯಾರ ಜೊತೆ ಕಾಫಿ ಕುಡೀಲಿ?’ ಅಂದ್ಲು.”

“ಯಾರು ಹಾಕಿದ್ದು ಹಾಗಾದ್ರೆ?”

“ನಿಮ್ಮಮ್ಮ ಆಣೆ ಹಾಕಿಸ್ಕೊಂಡಿದಾಳೆ, ನನ್ನ ಬಾಯಿ ಬಿಡಿಸ್ಬೇಡ. ಆ ಪತ್ರದ ನಕಲನ್ನ ಫಲಕಕ್ಕೆ ಅಂಟಿಸಿದೀನಿ ಅಂದಿದ್ಲು. ನೀನೇ ನೋಡ್ಕೋ.”

ಒಲೆಯ ಹಿಂದೆ, ಗೋಡೆಗೆ ಮುಖಮಾಡಿ ನಿಂತಿದ್ದ ಫಲಕವನ್ನು ಫೊತಿನಿ ಎರಡೂ ಕೈಯಿಂದ ತಿರುಗಿಸಿದಳು. ನೀಲಿ ಅಕ್ಷರಗಳ ಮೇಲೆ, ಹಿಟ್ಟಿನ ಅಂಟಿನಿಂದ ಹಚ್ಚಿದ ಕಾಗದ. ಅಂಚಿನಲ್ಲಿ ಅಮ್ಮನ ಹೆಬ್ಬೆರಳಿನ ಗುರುತು ಒಣಗಿ ಉಳಿದಿತ್ತು.

ಹೊರಗಿನಿಂದ ಚಿಕ್ಕಮ್ಮನ ದನಿ ಬಂತು: “ಮಗಳೇ, ರಸ್ಕ್ ಮುಗೀತು. ಇನ್ನೊಂದು ಪೊಟ್ಟಣ ಒಡೀಲಾ?”

ಫೊತಿನಿ ಕೊನೆಯ ಸಾಲಿನ ಮೇಲೆ ಬೆರಳಿಟ್ಟಳು.

ಸೆವಸ್ತಿ ಕರೆಲ. ತಂದೆ: ಲಾಂಬ್ರೋಸ್.