ಬಾಗಿಲಿಲ್ಲದ ಕೋಣೆ

ಒಂದಾನೊಂದು ಕಾಲದಲ್ಲಿ ಒಬ್ಬಳು ಅಕ್ಕ, ಒಬ್ಬ ತಮ್ಮ. ತಮ್ಮ ಅಕ್ಕನಿಗೆ ಮಾತು ಕೊಟ್ಟಿದ್ದ, ನಿನಗೊಂದು ಬಾಗಿಲು ಇಡಿಸಿಕೊಡುತ್ತೇನೆ ಎಂದು. ಅಜ್ಜಿಯರ ಕಥೆಯಾಗಿದ್ದರೆ ಆ ಬಾಗಿಲು ಚಿನ್ನದ್ದಾಗಿರುತ್ತಿತ್ತು, ಕಾಯಲು ಏಳು ಹೆಡೆಯ ಹಾವಿರುತ್ತಿತ್ತು. ಇದು ಮಹಾರಾಷ್ಟ್ರದ ಬೀಡ ಜಿಲ್ಲೆಯ ಕಥೆ. ಇಲ್ಲಿ ಹಾವಿನ ಜಾಗದಲ್ಲಿ ಕೋರ್ಟಿತ್ತು.

ಅಕ್ಕ ಹೌಸಾ ಕಬ್ಬು ಕಡಿಯುವವಳು. ದೀಪಾವಳಿ ಮುಗಿದದ್ದೇ ಕೊಯ್ತಾ ಎಂಬ ಕತ್ತಿ ಹಿಡಿದು ಸಕ್ಕರೆ ಕಾರ್ಖಾನೆಗಳ ಸೀಮೆಗೆ ಹೋದರೆ ಬೇಸಿಗೆಗೇ ವಾಪಸು. ಕಬ್ಬಿನ ಟ್ರಾಲಿ ಮಗುಚಿ ಗಂಡ ಸತ್ತ ಮೇಲೆ ಅತ್ತೆಮನೆಯವರು ಅವಳನ್ನು ಹೊರಗೆ ಹಾಕಿದರು. ತೀರಿಹೋದ ಅಪ್ಪನ ಹೊಲದಲ್ಲಿ ಪಾಲು ಕೇಳಿ ಅವಳು ತಮ್ಮನ ಮೇಲೆ ಕೋರ್ಟು ಹತ್ತಿದ್ದು ಹೀಗೆ.

ಲೋಕ ಅದಾಲತ್ತಿನ ದಿನ ತಮ್ಮ ಭಾನುದಾಸ ನೀಲಿ ಸೀರೆ, ತೆಂಗಿನಕಾಯಿ, ಆರತಿ ತಟ್ಟೆ ತಗೊಂಡೇ ಬಂದ.

"ಅಕ್ಕಾ, ಈ ಸಲ ಭಾವುಬೀಜಕ್ಕ ನೀ ಬರಲಿಲ್ಲ. ನನ್ನ ಹಣಿ ನೋಡು, ಬೋಳಾಗೇತಿ."

ದೀಪಾವಳಿಯ ಭಾವುಬೀಜದಂದು ಅಕ್ಕ ಆರತಿ ಬೆಳಗುವುದು, ತಮ್ಮ ತಟ್ಟೆಗೆ ಉಡುಗೊರೆ ಹಾಕುವುದು ವಾಡಿಕೆ. ಹೌಸಾಳ ಕರುಳು ಕರಗಿತು. ಕೋರ್ಟಿನ ಅಂಗಳದಲ್ಲೇ ತಮ್ಮನಿಗೆ ಕುಂಕುಮವಿಟ್ಟು ಆರತಿ ಬೆಳಗಿದಳು.

ಒಳಗೆ ಜಡ್ಜ್ ಸಾಹೇಬರು ಕೇಳಿದರು, "ರಾಜಿ ಏನಾಗೇತಿ, ಓದಿ ಹೇಳಲೇನಮ್ಮ?"

"ಬ್ಯಾಡ್ರಿ ಸಾಹೇಬ್ರ. ತಟ್ಟ್ಯಾಗ ತಮ್ಮ ಹಾಕಿದ್ದನ್ನ ಅಕ್ಕ ಅವನ ಮುಂದ ನೋಡಬಾರದು."

ಅವರ ಮನೆತನದ ಪದ್ಧತಿ ಅದು. ತಟ್ಟೆಗೆ ಬಿದ್ದದ್ದನ್ನು ಸೆರಗು ಮುಚ್ಚಿ ಒಯ್ಯಬೇಕು. ನೋಡಿದರೆ ತಮ್ಮನ ಮೇಲೆ ಸಂಶಯಪಟ್ಟ ಹಾಗೆ. ರಾಜಿಯ ಕಾಗದವೂ ಅವಳಿಗೆ ಹಾಗೇ.

"ಹಿತ್ತಲ ಕೋಣಿ ನಿಂದಕ್ಕಾ," ಎಂದ ಭಾನುದಾಸ. "ಓಣಿ ಕಡೆ ಒಂದು ಬಾಗಲಾ ಇಡಿಸಿಕೊಡ್ತೀನಿ. ನಿನಗ ಯಾರ ಹಂಗೂ ಬ್ಯಾಡ."

ಹೌಸಾ ಹೆಬ್ಬೆಟ್ಟು ಒತ್ತಿದಳು. ಎಲ್ಲರೂ ಚಪ್ಪಾಳೆ ತಟ್ಟಿದರು. ಹೊಲವೆಲ್ಲ ತಮ್ಮನಿಗೆ, ಒಂದು ಕೋಣೆ ಅಕ್ಕನಿಗೆ ಎಂಬುದು ಅವಳಿಗೆ ತಿಳಿದದ್ದು ಹೊರಗೆ ಬಂದು ವಕೀಲರು ಹೇಳಿದಾಗ. ಇರಲಿ, ತಲೆಯ ಮೇಲೆ ಸೂರಾದರೂ ಆಯಿತಲ್ಲ ಎಂದುಕೊಂಡಳು.

ಕಬ್ಬಿನ ಸುಗ್ಗಿ ಮುಗಿಸಿ ಬಂದು ನೋಡಿದರೆ ಕೋಣೆಗೆ ಓಣಿ ಕಡೆ ಬಾಗಿಲೇ ಇಲ್ಲ. ಒಳಗೆ ಹೋಗಬೇಕಾದರೆ ತಮ್ಮನ ದೇವರ ಕೋಣೆ ದಾಟಿಯೇ ಹೋಗಬೇಕು. ಅಲ್ಲಿ ಅವನ ಹೆಂಡತಿ ಶೇವಂತಾ ಅಡ್ಡ ನಿಂತಳು.

"ದೇವರ ಮುಂದ ಹಾದು ಬರಬ್ಯಾಡ್ರಿ."

"ಮತ್ತ ಹಾರಿ ಹೋಗಲೇನವಾ?"

"ರೆಕ್ಕಿ ಇದ್ರ ಹಾರ್ರಿ. ಯಾರು ಬ್ಯಾಡಂದಾರು?"

ಭಾನುದಾಸ ಮುಖ ತಿರುಗಿಸಿದ. "ಬಾಗಲಾ? ರಾಜಿಯಾಗ ಬರದೇತೇನು?"

ಆ ಮಳೆಗಾಲವನ್ನು ಅವಳು ಗೋಮಾಳದಲ್ಲಿ ಟಾರ್ಪಾಲಿನ ಕೆಳಗೆ ಕಳೆದಳು. ಹಿಟ್ಟಿಗೆ ಬೂಸರು ಬಂತು. ಒಲೆಯೊಳಗೆ ನೀರು ನಿಂತಿತು. ಕೊನೆಗೊಂದು ದಿನ ತಾಲೂಕಿಗೆ ನಡೆದಳು.

"ವಕೀಲಸಾಹೇಬ್ರ, ಮೋಸ ಆಗೇತಿ. ಆ ರಾಜಿ ಮುರದು ಹಾಕ್ರಿ."

"ಮುರಿಯಾಕ ಅದೇನು ಮಡಕಿ ಏನವಾ? ರಾಜಿ ಆತಂದ್ರ ಅದು ಕೋರ್ಟಿನ ತೀರ್ಪು ಇದ್ದಂಗ. ಅಪೀಲಿಲ್ಲ. ಮೋಸ ಅಂದ್ರ ಹೈಕೋರ್ಟಿಗೇ ಹೋಗಬೇಕು. ಓದಬ್ಯಾಡ್ರಿ ಅಂತ ನೀನ ಹೇಳಿದ್ದನ್ನ ಸಾಹೇಬ್ರು ಬರಸ್ಯಾರ. ಇನ್ನ ಒಂದಕ್ಷರ ಕೂಡಸಂಗಿಲ್ಲ, ಕಳಿಯಂಗಿಲ್ಲ."

"ಹೊಲ?"

"ಹೋತು."

"ಬಾಗಲಾ?"

"ಬರದಿಲ್ಲ."

ಹೌಸಾ ಮೇಜಿನ ಮೇಲೆ ಕೈ ಊರಿದಳು. "ಈ ಕಟ್ಟು ನನಗಷ್ಟ ಏನ್ರಿ? ಅವಗಿಲ್ಲೇನ್ರಿ?"

"ಇಬ್ಬರಿಗೂ ಐತಿ. ಕೋಣಿ ನಿಂದು, ಗೋಡಿ ಸುದ್ದಾ ನಿಂದು. ಅದನ್ನ ಅವನೂ ಕಸಗೊಳ್ಳಾಂಗಿಲ್ಲ," ಎಂದು ವಕೀಲರು ಚಹಾದ ಕಡೆ ಕೈ ಚಾಚಿದರು.

ಗೋಮಾಳಕ್ಕೆ ಬಂದು ಹೌಸಾ ಇದನ್ನು ತನ್ನ ಕಬ್ಬು ಕಡಿಯುವ ಟೋಳಿಯ ಹೆಂಗಸರಿಗೆ ಹೇಳಿದಳು. ಅವರಲ್ಲಿ ಛಬೂ ಎಲೆಯಡಿಕೆ ಉಗುಳಿ ಎದ್ದಳು.

"ಮಂದಿ ಕಬ್ಬೆಲ್ಲ ಕಡದೀವಿ. ನಮ್ಮದ ಒಂದು ಮಣ್ಣಿನ ಗೋಡಿ ಕಡಿಯಾಕ ಆಗಂಗಿಲ್ಲೇನು?"

ಮರುದಿನ ಬೆಳಿಗ್ಗೆ ಕೋಣೆಯ ಓಣಿ ಕಡೆಯ ಗೋಡೆಗೆ ಹಾರೆ ಬಿತ್ತು. ಭಾನುದಾಸ ಒಳಗಿಂದ ಓಡಿ ಬಂದ.

"ಏ, ಪೊಲೀಸರನ್ನ ಕರೀತೀನಿ! ನಮ್ಮಪ್ಪ ಕಟ್ಟಿದ ಗೋಡಿ!"

"ಕರಿಯೋ ತಮ್ಮಾ. ಅಂವ ನನಗೂ ಅಪ್ಪ," ಎಂದಳು ಹೌಸಾ. "ರಾಜಿನೂ ತರಸು. ಕೋಣಿ ಯಾರದಂತ ಅವರ ಮುಂದನ ಓದಸೂಣ. ಈ ಸಲ ನಾ ಬ್ಯಾಡ ಅನ್ನಂಗಿಲ್ಲ."

ಅವನು ಪೊಲೀಸರನ್ನು ಕರೆಯಲಿಲ್ಲ. ಓಣಿಯ ಹೆಂಗಸರು ಹೊಸ್ತಿಲುಗಳಲ್ಲಿ ನಿಂತು ನೋಡುತ್ತಿದ್ದರು. ಕೊನೆಗೆ ಎದುರುಮನೆಯ ಸೊಸೆ ಬುಟ್ಟಿ ಹಿಡಿದು ಇಳಿದು ಬಂದಳು.

"ನಮ್ಮಣ್ಣಗ ನಾನೂ ಹೆಬ್ಬಟ್ಟು ಒತ್ತಿ ಕೊಟ್ಟೀನಿ," ಎಂದಷ್ಟೇ ಹೇಳಿ ಮಣ್ಣು ತುಂಬತೊಡಗಿದಳು. ಅವಳ ಹಿಂದೆ ಇನ್ನೊಬ್ಬಳು ಬಂದಳು. ಯಾರಿಗೆ, ಏನು ಬರೆದುಕೊಟ್ಟಿರಿ ಎಂದು ಯಾರೂ ಯಾರನ್ನೂ ಕೇಳಲಿಲ್ಲ.

ಮಧ್ಯಾಹ್ನಕ್ಕೆ ಗೋಡೆ ಬಾಯಿ ತೆರೆಯಿತು. ಓಣಿಯಾಚೆಗೆ ಅಪ್ಪನ ಹೊಲ. ಭಾನುದಾಸ ಹಾಕಿದ ಈರುಳ್ಳಿ ಹಸಿರಾಗಿ ನಿಂತಿತ್ತು.

"ಇಲ್ಲಿಂದ ಹೊಲ ಕಾಣ್ತೈತಲ್ಲೇ," ಛಬೂ ದನಿ ತಗ್ಗಿಸಿದಳು. "ಹೊಟ್ಟಿ ಉರಿಯಂಗಿಲ್ಲೇನು?"

"ಉರೀಲಿ. ಆರಬಾರದು ಅದು."

ಬಿದಿರಿನ ಚೌಕಟ್ಟಿಗೆ ಕಬ್ಬಿನ ಸೋಗೆ ನೇಯ್ದ ತಟ್ಟಿಯನ್ನು ಹೆಂಗಸರು ಎತ್ತಿ ಹಿಡಿದರು. ಹೌಸಾ ಹಗ್ಗ ಬಿಗಿದಳು. ತಳ್ಳಿ ನೋಡಿದಳು, ತೆರೆಯಿತು. ಎಳೆದಳು, ಮುಚ್ಚಿತು.

ಬಾಗಿಲಾಯಿತು.